ಹುಳ ಹಣ್ಣಾದ ದಿನದ ಗೈರುಹಾಜರಿ

ನಾನು ಪುಕ್ಕಲ. ಇದನ್ನು ಮೊದಲ ಸಾಲಿನಲ್ಲೇ ಒಪ್ಪಿಕೊಂಡುಬಿಟ್ಟರೆ ಮುಂದೆ ನನಗೂ ಸುಲಭ, ನಿಮಗೂ ಸುಲಭ. ಊಟಕ್ಕೆ ಕರೆಯುವಾಗ ನನ್ನ ಹೆಂಡತಿ ಒಂದು ಸಲ ಕೂಗಿದರೆ ನಾನು ಪತ್ರಿಕೆಯಿಂದ ತಲೆ ಎತ್ತುವುದಿಲ್ಲ. ಎರಡನೆಯ ಸಲಕ್ಕೆ ‘ಹೂಂ’ ಎನ್ನುತ್ತೇನೆ. ಮೂರನೆಯ ಸಲ ಅವಳು ಬಾಯಿ ತೆರೆಯುವಷ್ಟರಲ್ಲಿ ಮಣೆಯ ಮೇಲೆ ಕೂತಿರುತ್ತೇನೆ. ಇದು ತನ್ನ ಗಂಟಲಿನ ಮಹಿಮೆ ಎಂದು ಅವಳು ನಂಬಿದ್ದಾಳೆ. ಆ ನಂಬಿಕೆಯನ್ನು ಕೆಡಿಸಲು ನಾನು ಹೋಗಿಲ್ಲ. ನಿಜ ಸಂಗತಿ ಏನೆಂದರೆ, ಮೂರನೆಯ ಕೂಗೂ ಮುಗಿದು, ಅದಕ್ಕೆ ಉತ್ತರ ಬರದೆ ಉಳಿದರೆ ಏನಾಗುತ್ತದೆ ಎಂಬುದನ್ನು ಹರೆಯದಲ್ಲಿ ಒಮ್ಮೆ ಕಣ್ಣಾರೆ ಕಂಡೆ. ಆ ಹೆದರಿಕೆ ಇನ್ನೂ ಹೊಟ್ಟೆಯಲ್ಲಿ ಕೂತಿದೆ.

ನಮ್ಮ ಜನಕ್ಕೆ ಮೂರರ ಮೇಲೆ ಅದೇನು ಮೋಹವೋ. ಹರಾಜಿನವನು ಮೂರು ಸಲ ಕೂಗುತ್ತಾನೆ. ಪುರೋಹಿತರು ಶುಭವಾಗಲಿ ಎಂದು ಮೂರು ಸಲ ಹೇಳಿಸುತ್ತಾರೆ. ಕೆಲವು ಮನೆಗಳಲ್ಲಿ ಹೆಣ ಎತ್ತುವ ಮೊದಲು ಅದರ ಕಿವಿಯಲ್ಲಿ ಹೆಸರು ಹಿಡಿದು ಮೂರು ಸಲ ಕರೆಯುತ್ತಾರೆ; ‘ಓ’ ಎನ್ನಲಿಲ್ಲವೆಂದರೆ ಇನ್ನು ಹೊರಡಿಸಬಹುದು ಎಂದರ್ಥ. ಕೋರ್ಟಿನಲ್ಲಿ ಕೇಸು ಕೂಗುವ ಪದ್ಧತಿಯನ್ನು ಯಾರು ತಂದರೋ ನಾನರಿಯೆ. ಹೆಣದ ಮನೆಯಿಂದಲೇ ತಂದಿರಬೇಕು ಎಂದು ನನ್ನ ಗುಮಾನಿ.

ಕೂಗಿದಾಗ ವಾದಿ ಬರದಿದ್ದರೆ ಕೇಸು ವಜಾ. ಸರಿಯೋ ತಪ್ಪೋ, ಸಾಕ್ಷಿ ಇದೆಯೋ ಇಲ್ಲವೋ, ಯಾವುದೂ ಬೇಡ. ಸೋತವನಿಗೆ ತಾನು ಯಾಕೆ ಸೋತೆನೆಂದು ಓದಿಕೊಳ್ಳಲು ಒಂದು ತೀರ್ಪಾದರೂ ಇರುತ್ತದೆ. ಗೈರುಹಾಜರಾದವನಿಗೆ ಅದೂ ಇಲ್ಲ. ಮಾಗಡಿಯಲ್ಲಿದ್ದ ನಮ್ಮ ತಾತ ಧರ್ಮಶಾಸ್ತ್ರ ಓದಿಕೊಂಡವರು. ಕರೆಸಿದಾಗ ಬಾರದ ವಾದಿಯನ್ನು ಹಿಂದಿನವರು ‘ಹೀನ’ ಎಂದು ಕರೆದರು, ದಂಡ ಹಾಕಿದರು, ಆದರೆ ಅಷ್ಟಕ್ಕೇ ಅವನ ಹಕ್ಕು ಮುಳುಗಿತು ಎನ್ನಲು ಅವರಿಗೂ ಮನಸ್ಸು ಬರಲಿಲ್ಲ ಎಂದು ತಾತ ಹೇಳುತ್ತಿದ್ದರು. ಇಂಗ್ಲಿಷರ ಕಾನೂನಿಗೂ ಅಷ್ಟು ಕರುಣೆ ಇದೆ. ವಜಾ ಆದ ಕೇಸನ್ನು ಮತ್ತೆ ಎಬ್ಬಿಸಬಹುದು. ಆದರೆ ಬಾರದೇ ಇದ್ದುದಕ್ಕೆ ‘ಸಾಕಷ್ಟು ಕಾರಣ’ ಕೊಡಬೇಕು. ಎಷ್ಟಿದ್ದರೆ ಸಾಕು ಎಂಬುದು ಕಾನೂನಿನಲ್ಲಿಲ್ಲ. ಅದು ಆಯಾ ದಿನ ಮುನ್ಸೀಫರ ಮುಖದಲ್ಲಿರುತ್ತದೆ. ನಾನು ಮೂವತ್ತು ವರ್ಷ ಕಾನೂನಿನ ಪುಸ್ತಕಕ್ಕಿಂತ ಮುನ್ಸೀಫರ ಮುಖವನ್ನೇ ಹೆಚ್ಚು ಓದಿದೆ.

ಈಗ ರಾಮನಗರ ಎನ್ನುವ ಊರನ್ನು ಆಗ ಕ್ಲೋಸ್‌ಪೇಟೆ ಎನ್ನುತ್ತಿದ್ದೆವು. ಕನಕಪುರ ಇನ್ನೂ ಕಾನಕಾನಹಳ್ಳಿ. ಮಹಾರಾಜರ ಆಳ್ವಿಕೆ. ನಾನು ಹೊಸ ವಕೀಲ. ಕರಿಕೋಟು ಹೊಲಿಸಿದ ದರ್ಜಿ ಮುಂದೆ ಮೈ ಬರುತ್ತದೆಂದು ಎರಡು ಬೆರಳು ಹೆಚ್ಚು ಬಟ್ಟೆ ಬಿಟ್ಟಿದ್ದ. ಆ ಕೋಟಿನೊಳಗೆ ನಾನು ನಡುಗಿದರೆ ಹೊರಗಿನವರಿಗೆ ಕಾಣುತ್ತಿರಲಿಲ್ಲ, ಅಷ್ಟು ಅನುಕೂಲ. ಧೈರ್ಯಕ್ಕೆಂದು ನಶ್ಯದ ಅಭ್ಯಾಸವನ್ನೂ ಮಾಡಿಕೊಂಡಿದ್ದೆ. ಚಿಟಿಕೆ ಏರಿಸಿದರೆ ಮಾತು ಹೊರಡುವ ಮೊದಲು ಸೀನು ಹೊರಡುತ್ತಿತ್ತು. ಮಾತಿಗೆ ತಡವಾದದ್ದು ಸೀನಿನಿಂದ ಎಂದು ಕೋರ್ಟು ತಿಳಿದುಕೊಳ್ಳುತ್ತಿತ್ತು.

ನನ್ನನ್ನು ನಂಬಿ ಬಂದ ಮೊದಲ ಕಕ್ಷಿದಾರಳು ತಿಮ್ಮಕ್ಕ. ಕಾನಕಾನಹಳ್ಳಿ ರಸ್ತೆಯಿಂದ ಬಂಡೆಗಳ ನಡುವೆ ಒಳಗೆ ಹೋದರೆ ಸಿಗುವ ಹುಣಸೇದೊಡ್ಡಿಯವಳು. ಗಂಡ ಸತ್ತಿದ್ದ, ಮಕ್ಕಳಿರಲಿಲ್ಲ. ಅವಳಿಗಿದ್ದದ್ದು ಮಣ್ಣುಗೋಡೆ ಹಾಕಿ ಎರಡು ಮಾಡಿದ ಮನೆಯಲ್ಲಿ ಒಂದು ಭಾಗ, ಬಾವಿ ಪಕ್ಕದ ಒಂದು ತುಂಡು ಹಿಪ್ಪುನೇರಳೆ ತೋಟ, ಆ ಸೊಪ್ಪು ತಿನ್ನುವ ರೇಷ್ಮೆಹುಳ. ಗೋಡೆಯ ಆ ಕಡೆ ಗಂಡನ ಅಣ್ಣ ಬೋರೇಗೌಡ. ತಮ್ಮನ ತಿಥಿಯ ಊಟ ಅರಗುವ ಮೊದಲೇ ಅವನು, “ನಾನೂ ನನ್ನ ತಮ್ಮನೂ ಹಿಸ್ಸೆ ಆದೋರೇ ಅಲ್ಲ. ಮನೆ ತೋಟ ಎಲ್ಲಾ ಒಂದೇಯ, ನಂದೇಯ. ಅವಳಿಗೆ ಊಟ ಬಟ್ಟೆ ಕೊಡ್ತೀನಿ, ಕೊಟ್ಟಿಗೆ ಮಗ್ಗುಲಲ್ಲಿ ಇರ್ಲಿ” ಎಂದ.

ಆಗಿನ ಕಾನೂನು ಅವನಿಗೇ ಒತ್ತಾಸೆ. ಅಣ್ಣತಮ್ಮಂದಿರು ಒಟ್ಟಿಗಿದ್ದು ಒಬ್ಬ ಸತ್ತರೆ ಆಸ್ತಿ ಉಳಿದವನಿಗೆ; ವಿಧವೆಗೆ ಅನ್ನ ಬಟ್ಟೆ. ಹಿಸ್ಸೆಯಾಗಿ ಬೇರೆಯಾಗಿದ್ದರೆ ಮಾತ್ರ ಗಂಡನ ಪಾಲು ಅವಳು ಬದುಕಿರುವ ತನಕ ಅವಳದು. ಅಂದರೆ ತಿಮ್ಮಕ್ಕನ ಬಾಳೆಲ್ಲ ಒಂದೇ ಪ್ರಶ್ನೆಯ ಮೇಲೆ ನಿಂತಿತ್ತು: ಅಣ್ಣತಮ್ಮಂದಿರು ಬೇರೆಯಾಗಿದ್ದರೋ ಇಲ್ಲವೋ. ಕಾಗದ ಇಲ್ಲ. ನಿಂತು ಹಿಸ್ಸೆ ಮಾಡಿಸಿದ್ದ ಹಿರಿಯರು ಗಂಡನಿಗಿಂತ ಮೊದಲೇ ಹೋಗಿದ್ದರು. ಉಳಿದಿದ್ದವನು ಕ್ಲೋಸ್‌ಪೇಟೆಯಲ್ಲಿ ರೇಷ್ಮೆ ನೂಲು ತೆಗೆಯುತ್ತಿದ್ದ ಗಫಾರ್ ಸಾಬಿ ಒಬ್ಬ. ಗೂಡನ್ನು ಎರಡು ಮನೆಯಿಂದ ಬೇರೆ ಬೇರೆಯಾಗಿ ಕೊಳ್ಳುತ್ತಿದ್ದೆ ಎಂದು ಅವನು ಹೇಳಲು ಒಪ್ಪಿದ್ದ. ವ್ಯಾಪಾರಿಯ ಮಾತಿಗೆ ತೂಕ ಕಡಿಮೆ, ಸಂಸಾರದೊಳಗಿನದು ಅವನಿಗೇನು ಗೊತ್ತು ಎಂದು ಎದುರು ವಕೀಲರು ಆಗಲೇ ನಗುತ್ತಿದ್ದರು. ಅವರು ನನಗಿಂತ ಹಿರಿಯರು, ನನಗಿಂತ ದಪ್ಪ, ನಕ್ಕರೆ ಕೋರ್ಟಿನ ಬೆಂಚೂ ಸ್ವಲ್ಪ ನಗುತ್ತಿತ್ತು.

ಬೋರೇಗೌಡನನ್ನು ನೋಡಿದರೆ ನನಗೆ ನಾಲಗೆ ಒಣಗುತ್ತಿತ್ತು. ಆಳು ಎತ್ತರ, ಮಾತು ಕಡಿಮೆ. ಜಗಳಗಂಟರಿಗಾದರೂ ಹೇಗೋ ಹೊಂದಿಕೊಳ್ಳಬಹುದು, ಮಾತಾಡದೆ ನೋಡುವವರಿಗೆ ಹೊಂದಿಕೊಳ್ಳುವುದು ಕಷ್ಟ. ಒಂದು ವಾಯಿದೆಯ ದಿನ ತಿಮ್ಮಕ್ಕ ಮೆಲ್ಲಗೆ ಹೇಳಿದಳು: “ಸಂತೇಲಿ ನಾಕ್ ಜನದ ಮುಂದೆ ಅಂದವ್ನೆ ಸಾಮಿ, ಕೋರ್ಟ್ ಮೆಟ್ಲು ಹತ್ತೋಕೆ ಅವಳಿಗೆ ಕಾಲಿರ್ಬೇಕಲ್ಲ ಅಂತ.” ನಾನು ಅವಳಿಗೆ ಧೈರ್ಯ ಹೇಳಿದೆ. ಹೇಳುತ್ತಲೇ ನನ್ನ ಕಾಲನ್ನೂ ಒಮ್ಮೆ ನೋಡಿಕೊಂಡೆ.

ಸಾಕ್ಷಿ ವಿಚಾರಣೆಯ ದಿನ ಬಂತು. ಬಿಸಿಲು ಹೇಳತೀರದು. ಬಂಡೆಗಳು ಬೆಳಿಗ್ಗೆಯೇ ಕಾದು ಊರಿನ ಮೇಲೆ ಉಸಿರು ಬಿಡುತ್ತಿದ್ದವು. ಗಫಾರ್ ಸಾಬಿ ಹೊತ್ತಿಗೆ ಮೊದಲೇ ಬಂದು ಜಗಲಿಯ ಕಂಬಕ್ಕೆ ಒರಗಿದ್ದ. ತಿಮ್ಮಕ್ಕ ಇಲ್ಲ. ಯಾವ ವಾಯಿದೆಗೂ ಎಲ್ಲರಿಗಿಂತ ಮೊದಲು ಬಂದು, ಹುಣಸೇಮರದ ಕೆಳಗೆ ಬುತ್ತಿಗಂಟು ಇಟ್ಟುಕೊಂಡು ಕೂತಿರುತ್ತಿದ್ದ ಹೆಂಗಸು. ಇನ್ನೇನು ಬಂದಾಳು ಎಂದುಕೊಂಡೆ. ಆಮೇಲೆ ಕಂಡದ್ದು, ಬೋರೇಗೌಡನೂ ಇಲ್ಲ. ಅವನಿಲ್ಲ ಎಂದು ತಿಳಿದಾಗ ಒಂದು ಕ್ಷಣ ಹಾಯೆನಿಸಿತು. ಮರುಕ್ಷಣವೇ ಇನ್ನೊಂದು ಲೆಕ್ಕ ಹೊಳೆಯಿತು. ಇಬ್ಬರೂ ಇಲ್ಲ ಎಂದರೆ ಇಬ್ಬರೂ ಊರಿನಲ್ಲಿದ್ದಾರೆ.

ಬಿಲ್ಲೆ ಜವಾನ ಬಾಗಿಲಿಗೆ ಬಂದು ಕೂಗಿದ, “ವಾದಿ ತಿಮ್ಮಕ್ಕ ಹಾಜರಿದ್ದಾಳಾ...?” ಆ ಕೊನೆಯ ಅಕ್ಷರವನ್ನು ಅವನು ಎಳೆಯುವ ರೀತಿಗೆ ಮರದ ಮೇಲಿನ ಕಾಗೆ ಎದ್ದು ಹೋಯಿತು. ಎರಡನೆಯ ಕೂಗಿಗೆ ನಾನು ಜಗಲಿಗೆ ಓಡಿ ರಸ್ತೆ ನೋಡಿದೆ. ದೂರದಲ್ಲಿ ಒಬ್ಬ ಹೆಂಗಸು ಬರುತ್ತಿದ್ದಳು. ಹತ್ತಿರ ಬಂದಾಗ ಮೊಸರಿನವಳು. ಮೂರನೆಯ ಕೂಗು ಮುಗಿದು, ಅದಕ್ಕೆ ಎದುರು ಬಂಡೆಯಿಂದ ಒಂದು ಮಾರ್ದನಿ ಮಾತ್ರ ಬಂತು. ಇಂಥ ಹೊತ್ತಿನಲ್ಲಿ ವಕೀಲನಾದವನು ಎದ್ದು ನಿಂತು ವಾದಕ್ಕೆ ತೊಡಗಿದರೆ ಕೆಟ್ಟ. ವಾದಿಯೇ ಕಟಕಟೆ ಹತ್ತದೆ, ಬರೀ ವ್ಯಾಪಾರಿಯ ಮಾತಿನ ಮೇಲೆ ನಿಂತ ಕೇಸು ತೀರ್ಪಾಗಿ ಸೋತು, ಶಾಶ್ವತವಾಗಿ ಮುಳುಗುತ್ತದೆ. ‘ನನಗೆ ಕಕ್ಷಿದಾರರ ಸೂಚನೆ ಇಲ್ಲ’ ಎಂದು ಹೇಳಿ ಕೂತರೆ ಗೈರುಹಾಜರಿಯ ವಜಾ. ಅದಕ್ಕೆ ಮತ್ತೆ ಜೀವ ಬರಿಸಬಹುದು. ಮುಳುಗುವುದರಲ್ಲೂ ಎರಡು ಬಗೆ ಎಂದು ಅಂದೇ ನನಗೆ ತಿಳಿದದ್ದು. ಸೂಚನೆ ಇಲ್ಲ ಎಂದೆ. ಎದುರು ವಕೀಲರು ಎದ್ದು, ತಮ್ಮ ಕಕ್ಷಿದಾರನ ಪರವಾಗಿ ತಾವು ಸಿದ್ಧ ಎಂದರು. ಮುನ್ಸೀಫರು ತಲೆ ಎತ್ತದೆ ಒಂದೇ ಸಾಲು ಬರೆದರು. ತಿಮ್ಮಕ್ಕನ ಮನೆ, ತೋಟ, ಬಾವಿ ಎಲ್ಲ ಆ ಸಾಲಿನೊಳಗೆ ಹೋಯಿತು.

ಜಗಲಿಗೆ ಬಂದಾಗ ಗಫಾರ್ ಸಾಬಿಯ ಮುಖ ನನ್ನದಕ್ಕಿಂತ ಬಿಳಿಚಿತ್ತು. “ವಕೀಲ್ ಸಾಬ್, ಅವ್ರು ಹೇಳಿದ್ ಮಾತು ನನ್ ಕಿವೀಲೇ ಕೇಳಿದೀನಿ. ಸಂತೇಲಿ ನಾನೂ ಇದ್ದೆ. ಕಾಲಿರ್ಬೇಕಲ್ಲ ಅಂದ್ರು” ಎಂದ. ಹುಳ ಏನಾದರೂ ಗೂಡಿಗೆ ಹಣ್ಣಾಗಿ ತಿಮ್ಮಕ್ಕ ಮನೆಯಲ್ಲೇ ನಿಂತುಬಿಟ್ಟಳೋ ಎಂದು ನಾನು ಕೇಳಿದೆ. ನನಗೆ ಗೊತ್ತಿದ್ದ ರೇಷ್ಮೆಯ ಮಾತು ಅದೊಂದೇ. “ಇಲ್ಲ ಸಾಬ್, ಗೂಡಿಗೆ ಇನ್ನೂ ವಾರದ್ ಮೇಲೆ ಐತೆ. ಅದು ನನ್ಗೆ ಗೊತ್ತು” ಎಂದ. ಅದು ಅವನ ಕಸುಬು, ಅವನ ಮಾತನ್ನು ನಾನು ನಂಬಿದೆ. ಹಾಗಾದರೆ ಉಳಿದದ್ದು ಒಂದೇ. ಇಬ್ಬರೂ ಅದನ್ನು ಬಾಯಿಬಿಟ್ಟು ಆಡಲಿಲ್ಲ. ಅವನ ಗಾಡಿ ಕಟ್ಟಿಸಿಕೊಂಡು ಹೊರಟೆವು.

ಪುಕ್ಕಲರ ಬಗ್ಗೆ ಲೋಕಕ್ಕೊಂದು ತಪ್ಪು ತಿಳಿವಳಿಕೆ ಇದೆ, ಅವರು ಹೆದರಿ ಓಡುತ್ತಾರೆ ಎಂದು. ಓಡುವುದಕ್ಕೂ ಧೈರ್ಯ ಬೇಕು. ನಿಜವಾದ ಪುಕ್ಕಲ ಹೆದರಿಕೆ ಇರುವ ಕಡೆಗೇ ಹೋಗುತ್ತಾನೆ, ಯಾಕೆಂದರೆ ಮನೆಯಲ್ಲಿ ಕೂತು ಊಹಿಸಿಕೊಳ್ಳುವುದು ಅವನಿಗೆ ಇನ್ನೂ ಭಯಂಕರ. ದಾರಿಯುದ್ದಕ್ಕೂ ನಾನು ತಿಮ್ಮಕ್ಕನನ್ನು ಬಗೆಬಗೆಯಾಗಿ ಸಾಯಿಸಿದೆ. ಬಾವಿಯಲ್ಲಿ ಒಮ್ಮೆ, ತೋಟದ ಬದುವಿನಲ್ಲಿ ಒಮ್ಮೆ. ಆ ಬಂಡೆಗಳ ಸಂದಿಯಲ್ಲಿ ಕರಡಿ ಇರುತ್ತದೆ, ಚಿರತೆ ಇರುತ್ತದೆ. ಬೇರೆ ದಿನವಾಗಿದ್ದರೆ ಎಲೆ ಅಲುಗಿದರೂ ಗಾಡಿಯ ಒಳಗೆ ಸರಿಯುತ್ತಿದ್ದೆ. ಆವತ್ತು ಎದುರಿಗೆ ಚಿರತೆ ಬಂದಿದ್ದರೆ ತಿಮ್ಮಕ್ಕನನ್ನು ಕಂಡೆಯಾ ಎಂದು ಕೇಳುತ್ತಿದ್ದೆನೇನೋ. ಗಫಾರ್ ಸಾಬಿ ತುಟಿಯಲ್ಲೇ ಪ್ರಾರ್ಥನೆ ಹೇಳಿಕೊಳ್ಳುತ್ತಿದ್ದ. ನಾನು ಕೆಂಗಲ್ ಆಂಜನೇಯನಿಗೆ ಹರಕೆ ಹೊತ್ತೆ. ಬದುಕಿದ್ದರೆ ಸಾಕು, ಕೇಸು ಹಾಳಾಗಿ ಹೋಗಲಿ ಎಂದು ಹೊತ್ತೆ. ವಕೀಲನ ಬಾಯಲ್ಲಿ ಬರಬಾರದ ಹರಕೆ, ನನಗೆ ಗೊತ್ತು.

ಹುಣಸೇದೊಡ್ಡಿ ತಲುಪಿದಾಗ ಹೊತ್ತು ಇಳಿಯುತ್ತಿತ್ತು. ಆ ಊರಿಗೆ ನಾನು ಅದೇ ಮೊದಲು ಹೋದದ್ದು. ಹೊಲದಲ್ಲಿ ಒಬ್ಬರಿಲ್ಲ. ಜಗಲಿಗಳ ಮೇಲೆ ಒಬ್ಬರಿಲ್ಲ. ಒಲೆಯ ಹೊಗೆ ಇಲ್ಲ. ನಾಯಿ ಕೂಡ ಬೊಗಳಲಿಲ್ಲ, ಸುಮ್ಮನೆ ನೋಡಿತು. ಸಾವಾದ ಊರು ಹೀಗೇ ಇರುತ್ತದೆ. ತಿಮ್ಮಕ್ಕನ ಮನೆಯ ಕಿಟಕಿಗಳಿಗೆ ಒದ್ದೆ ಗೋಣಿ ಇಳಿಬಿಟ್ಟಿದ್ದರು. ಬಾಗಿಲು ಮುಚ್ಚಿತ್ತು. ಬಾಗಿಲ ಮುಂದೆ ಮೆಟ್ಟುಗಳ ರಾಶಿ, ಅದರ ನಡುವೆ ಎಲ್ಲಕ್ಕಿಂತ ದೊಡ್ಡದಾದ, ಮೊಳೆ ಹೊಡೆದ ಒಂದು ಜೊತೆ. ಕೋರ್ಟಿನ ಜಗಲಿಯ ಮೇಲೆ ಎಷ್ಟೋ ಸಲ ಹೆದರಿಕೊಂಡು ನೋಡಿದ್ದ ಮೆಟ್ಟು ಅದು. ಪಕ್ಕದಲ್ಲಿ ಗೋಡೆಗೆ ಒರಗಿಸಿದ ದೊಣ್ಣೆ. ಒಳಗೆ ಜನ ಇದ್ದಾರೆ, ಆದರೆ ಮಾತಿಲ್ಲ, ಅಳುವೂ ಇಲ್ಲ. ಒಣಗಿದ ಸೊಪ್ಪನ್ನು ಯಾರೋ ಮೆಲ್ಲನೆ ಸರಿಸಿದಂತೆ ಒಂದು ಸರಸರ ಸದ್ದು ಮಾತ್ರ. ನನ್ನ ಕೈ ನಶ್ಯದ ಡಬ್ಬಿಗೆ ಹೋಯಿತು.

ಬಾಗಿಲು ಒಂದು ಗೇಣು ತೆರೆದು ಒಬ್ಬ ಮುದುಕಿ ಹೊರಗೆ ಬಂದು ನನ್ನ ಎದೆಗೆ ನೇರವಾಗಿ ಕೈ ಅಡ್ಡ ಹಿಡಿದಳು. “ಅಲ್ಲೇ ನಿಂತ್ಕ. ಕೈಲಿರೋದ್ ಏನು? ಹೊಗೆಸೊಪ್ಪಾ?” ಎಂದಳು. ನಶ್ಯ ಎಂದೆ. “ಅಯ್ಯೋ ನಿನ್ ಮನೆ ಹಾಳಾಗ! ಆಚೆ ಬಿಸಾಕು. ಒಂದ್ ಚಿಟಿಕೆ ಗಾಳೀಲಿ ಬಂದ್ರೆ ಒಂದ್ ಉಳಾನೂ ಉಳಿಯಲ್ಲ” ಎಂದು ಪಿಸುದನಿಯಲ್ಲೇ ಬೈದಳು. ಪಿಸುಮಾತಿನಲ್ಲಿ ಬೈಸಿಕೊಂಡರೆ ಎರಡರಷ್ಟು ಕುಗ್ಗಿಹೋಗುತ್ತೇವೆ. ಅವಳು ನನ್ನ ಕೈ ತೊಳೆಸಿದಳು, ಮುಖ ತೊಳೆಸಿದಳು, ಕರಿಕೋಟು ಬಿಚ್ಚಿಸಿ ಬೇಲಿಗೆ ಹಾಕಿಸಿದಳು. ಕೋಟಿಲ್ಲದ ವಕೀಲನಾಗಿ ನಾನು ಒಳಗೆ ಹೋದೆ. ಗಫಾರ್ ಸಾಬಿ ಇಣುಕಿ ನೋಡಿ, ಎರಡು ಕೈಯಲ್ಲೂ ತಲೆ ಹಿಡಿದುಕೊಂಡ. ಈ ಬಿಸಿಲಿಗೆ ಹುಳ ವಾರ ಮೊದಲೇ ಹಣ್ಣಾಗಿದ್ದವು.

ರೇಷ್ಮೆ ಕಾಣದವರಿಗೆ ಒಂದು ಮಾತು. ಸೊಪ್ಪು ತಿಂದು ತಿಂದು ಬೆಳೆದ ಹುಳ ಒಂದು ದಿನ ತಿನ್ನುವುದನ್ನು ನಿಲ್ಲಿಸುತ್ತದೆ, ಮೈ ಹಳದಿಯಾಗಿ ಪಾರದರ್ಶಕವಾಗುತ್ತದೆ, ತಲೆ ಎತ್ತಿ ಆಚೀಚೆ ಆಡಿಸುತ್ತದೆ. ಇದೇ ಹಣ್ಣಾಗುವುದು. ಆಗ ಒಂದೊಂದನ್ನೂ ಕೈಯಿಂದ ಆಯ್ದು, ಚಂದ್ರಿಕೆ ಎಂಬ ಬಿದಿರಿನ ತಟ್ಟಿಯ ಮೇಲೆ ಬಿಡಬೇಕು. ಅಲ್ಲಿ ಅದು ಗೂಡು ಕಟ್ಟುತ್ತದೆ. ತಡವಾದರೆ ನೂಲನ್ನೆಲ್ಲ ತಟ್ಟೆಯಲ್ಲೇ ಚೆಲ್ಲಿ ಸಾಯುತ್ತದೆ. ಒಂದು ಮನೆಯವರಿಂದ ಆಗುವ ಕೆಲಸವಲ್ಲ. ಅದಕ್ಕೇ ಊರಿನಲ್ಲಿ ಮುಯ್ಯಾಳು ಎಂಬ ಪದ್ಧತಿ. ಇವತ್ತು ನಿನ್ನ ಮನೆಗೆ ನಾನು, ನಾಳೆ ನನ್ನ ಮನೆಗೆ ನೀನು. ಕರೆಯಬೇಕಿಲ್ಲ, ಸುದ್ದಿ ತಿಳಿದರೆ ಸಾಕು. ಜಗಳ ಇದ್ದರೂ ಬರಬೇಕು. ಮುಯ್ಯಿ ತೀರಿಸದವನ ಮನೆಗೆ ಆಮೇಲೆ ಹೆಣ ಹೊರಲು ಕೂಡ ಯಾರೂ ಹೋಗುವುದಿಲ್ಲ.

ಒಳಗಿನ ಮಬ್ಬಿನಲ್ಲಿ ಊರಿಗೆ ಊರೇ ಕುಕ್ಕರಗಾಲಲ್ಲಿ ಕೂತು ಹುಳ ಆಯುತ್ತಿತ್ತು. ತಿಮ್ಮಕ್ಕ ನಡುವೆ. ಅವಳಿಂದ ಒಂದು ಮಾರು ದೂರದಲ್ಲಿ, ಮಂಡಿ ಮಡಿಸಿಕೊಂಡು, ತೊಲೆಯಂಥ ಬೆರಳುಗಳಲ್ಲಿ ಒಂದೊಂದು ಹುಳವನ್ನೂ ಹಸುಗೂಸಿನ ಹಾಗೆ ಎತ್ತಿ ಇಡುತ್ತ ಬೋರೇಗೌಡ. ಅವಳು ಬದುಕಿದ್ದಾಳೆ ಎಂದು ನನಗೆ ಅಳು ಬಂತು. ಅಳುತ್ತಲೇ ಸಿಟ್ಟೂ ಬಂತು.

“ತಿಮ್ಮಕ್ಕ, ನಿನ್ನ ಕೇಸು ವಜಾ ಆಯಿತಮ್ಮ” ಎಂದೆ.

“ಒಸಿ ಮೆಲ್ಲುಕ್ಕೆ ಸಾಮಿ, ಉಳ ಬೆದರ್ತವೆ” ಎಂದಳು. ಕೈ ನಿಲ್ಲಲಿಲ್ಲ. “ವಜಾ ಅಂದ್ರೆ?”

“ಹೋಯಿತು. ಮನೆ, ತೋಟ, ಎಲ್ಲ.”

ಕೈ ಆಗ ನಿಂತಿತು. ಅಂಗೈಯಲ್ಲಿದ್ದ ಹುಳ ತಲೆ ಎತ್ತಿ ಆಚೀಚೆ ಆಡಿಸುತ್ತಿತ್ತು. ಅವಳು ಅದನ್ನು ಚಂದ್ರಿಕೆಯ ಮೇಲೆ ಬಿಟ್ಟು, ಸೆರಗಿನಲ್ಲಿ ಮುಖ ಒರೆಸಿಕೊಂಡಳು. “ಮರ್ತಿರ್ನಿಲ್ಲ ಸಾಮಿ. ಕೋಳಿ ಕೂಗೋ ಮುಂಚೆ ಎದ್ದು ಬುತ್ತಿ ಕಟ್ಕಂಡೆ. ಹೊಂಡೋ ಮುಂದೆ ಒಂದ್ಸಲ ತಟ್ಟೆ ನೋಡ್ದೆ. ಹಣ್ಣಾಗ್ಬುಟ್ಟವೆ. ಹೆಂಗ್ ಬುಟ್ ಬರ್ಲಿ? ಕೋರ್ಟು ನಾಳೆನೂ ಇರ್ತದೆ ಅಂದ್ಕಂಡೆ. ಇವು ಇರಾಕಿಲ್ವಲ್ಲ.” ಅಷ್ಟು ಹೇಳಿ ಮತ್ತೆ ಆಯತೊಡಗಿದಳು. ಬೆರಳು ಮಾತ್ರ ನಡುಗುತ್ತಿದ್ದವು. ಆ ನಡುಕ ನನಗೆ ಗೊತ್ತು, ನನ್ನ ಕೋಟಿನ ಒಳಗೆ ದಿನವೂ ಇರುತ್ತಿದ್ದದ್ದೇ.

ಬೋರೇಗೌಡ ತಲೆ ಎತ್ತಿ ನನ್ನನ್ನು ನೋಡಿದ. “ಹಂಗಾರೆ ನಾನ್ ಗೆದ್ದಂಗಾಯ್ತಾ?” ಎಂದ. ಹೌದು ಎಂದೆ. ‘ಹೂಂ’ ಎಂದು ಇನ್ನೊಂದು ತಟ್ಟೆ ಎಳೆದುಕೊಂಡ. ಅವನು ನಕ್ಕಿದ್ದರೆ ನನಗೆ ಅಷ್ಟು ಹೆದರಿಕೆಯಾಗುತ್ತಿರಲಿಲ್ಲ. ಹೊರಡುವಾಗ ಧೈರ್ಯ ಮಾಡಿ, ಇಷ್ಟೆಲ್ಲ ಆದ ಮೇಲೆ ರಾಜಿಯಾಗಬಾರದೇ ಎಂದೆ. “ಮುಯ್ಯಿ ಬ್ಯಾರೆ, ಯಾಜ್ಯ ಬ್ಯಾರೆ ಕಣ್ ಸಾಮಿ. ಹೋದ್ ಬೆಳೇಲಿ ಅವ್ಳು ನಮ್ಮನೆಗ್ ಬಂದಿದ್ಲು, ಈಗ ನಾನ್ ಬಂದಿವ್ನಿ. ತೋಟ ಬುಡಾಕಿಲ್ಲ” ಎಂದ.

ಮತ್ತೆ ಎಬ್ಬಿಸಲು ಅರ್ಜಿ ಹಾಕಿದೆ. ‘ಸಾಕಷ್ಟು ಕಾರಣ’ ಎಂಬಲ್ಲಿ ಏನು ಬರೆಯಬೇಕು? ಜ್ವರ ಬಂದರೆ ಕಾರಣ, ಹೊಳೆ ಬಂದರೆ ಕಾರಣ, ರೈಲು ತಪ್ಪಿದರೆ ಅರ್ಧ ಕಾರಣ. ಹಳೆಯ ತೀರ್ಪುಗಳನ್ನೆಲ್ಲ ತಿರುವಿ ಹಾಕಿದೆ. ಆನೆ ಅಡ್ಡ ಬಂದ ಒಂದು ಕೇಸು ಸಿಕ್ಕಿತು, ಹುಳ ಅಡ್ಡ ಬಂದದ್ದು ಒಂದೂ ಇಲ್ಲ. ಹಿತೈಷಿಗಳು ‘ಹೊಟ್ಟೆನೋವು ಎಂದು ಬರೆಯಿರಿ, ಹೆಂಗಸಿಗೆ ಹೊಟ್ಟೆನೋವು ಸಹಜ’ ಎಂದರು. ತಿಮ್ಮಕ್ಕ ಒಪ್ಪಲಿಲ್ಲ. ಇಲ್ಲದ ನೋವು ಹೇಳಿಕೊಂಡರೆ ಬರುತ್ತದಂತೆ. ನನಗೂ ಅದರಲ್ಲಿ ನಂಬಿಕೆ ಇದೆ, ಹಾಗಾಗಿ ಬಲವಂತ ಮಾಡಲಿಲ್ಲ. ಹುಳ ಹಣ್ಣಾದ ಕಾರಣ ಬರಲಾಗಲಿಲ್ಲ ಎಂದೇ ಬರೆದೆ.

ಮುನ್ಸೀಫರು ಆ ಸಾಲನ್ನು ಎರಡು ಸಲ ಓದಿದರು. ಅವರು ರೇಷ್ಮೆಯನ್ನು ಪಂಚೆಯ ಅಂಚಿನಲ್ಲಿ ಕಂಡವರೇ ಹೊರತು ತಟ್ಟೆಯಲ್ಲಿ ಕಂಡವರಲ್ಲ. ಎದುರು ವಕೀಲರು ಎದ್ದು, “ಹುಳಕ್ಕೆ ಸೊಪ್ಪು ಹಾಕಬೇಕು, ಎಮ್ಮೆಗೆ ಹುಲ್ಲು ಹಾಕಬೇಕು ಎಂದು ಕಕ್ಷಿದಾರರು ಮನೆಯಲ್ಲಿ ಕೂತರೆ ಕೋರ್ಟಿಗೆ ನಾವು ಹುಲ್ಲು ಹಾಕಿಕೊಂಡು ಕೂರಬೇಕಾಗುತ್ತದೆ” ಎಂದರು. ಬೆಂಚು ನಕ್ಕಿತು. ಅವಳು ಬರಬಹುದಾಗಿತ್ತು, ಬೇಕೆಂದೇ ಉಪೇಕ್ಷೆ ಮಾಡಿದಳು ಎಂದು ಸಾಧಿಸಲು ಅವರು ಬೋರೇಗೌಡನನ್ನೇ ಕಟಕಟೆ ಹತ್ತಿಸಿದರು. ಅವನು ಪ್ರಮಾಣ ಮಾಡಿದ. ಈ ಮನುಷ್ಯ ‘ಅವಳು ಸಂತೆಯಲ್ಲಿದ್ದಳು’ ಎಂದು ಒಂದು ಮಾತು ಹೇಳಿದರೆ ಮುಗಿಯಿತು. ಊರಿನವರು ಅವನ ವಿರುದ್ಧ ಬಂದು ಸಾಕ್ಷಿ ಹೇಳುವವರಲ್ಲ. ತಿಮ್ಮಕ್ಕ ಮೂಲೆಯಲ್ಲಿ ನಿಂತು ಸೆರಗಿನ ತುದಿಯನ್ನು ಹಲ್ಲಿನಲ್ಲಿ ಕಚ್ಚಿದ್ದಳು.

“ಆ ದಿನ ತಿಮ್ಮಕ್ಕ ಏನು ಮಾಡುತ್ತಿದ್ದಳು?” ಎಂದು ವಕೀಲರು ಕೇಳಿದರು.

“ಉಳ ಆಯ್ತಿದ್ಲು.”

ವಕೀಲರಿಗೆ ಇದು ಬೇಕಿರಲಿಲ್ಲ. “ಅವಳೊಬ್ಬಳು ಕೋರ್ಟಿಗೆ ಬಂದಿದ್ದರೆ ಏನು ಮುಳುಗುತ್ತಿತ್ತು? ಆಯುವುದಕ್ಕೆ ಬೇರೆಯವರು ಇರಲಿಲ್ಲವೇ?”

“ಇದ್ರು. ನಾನೂ ಇದ್ದೆ.”

ಮುನ್ಸೀಫರು ಮೊದಲ ಸಲ ತಲೆ ಎತ್ತಿದರು. “ನೀವು ಅಲ್ಲಿ ಏನು ಮಾಡುತ್ತಿದ್ದಿರಿ?”

“ಮುಯ್ಯಾಳಾಗಿ ಹೋಗಿದ್ದೆ ಸಾಮಿ.”

ಮುಯ್ಯಾಳು ಎಂದರೆ ಏನೆಂದು ಅವರು ಕೇಳಿದರು. ಬೋರೇಗೌಡ ತಿಳಿಸಿ ಹೇಳಿದ. ಅವನು ಅಷ್ಟು ಮಾತಾಡಿದ್ದನ್ನು ನಾನು ಅದೇ ಮೊದಲು ಕೇಳಿದ್ದು. ಅವರ ಮನೆಗೆ ನಾವು, ನಮ್ಮ ಮನೆಗೆ ಅವರು ಎಂದ. ಮುನ್ಸೀಫರು ಲೇಖನಿಯನ್ನು ಕೆಳಗಿಟ್ಟರು. “ಹಾಗಾದರೆ ಒಂದೇ ಮನೆಯವರ ನಡುವೆ ಮುಯ್ಯಿ ಇರುತ್ತದೆಯೇ?”

ಎದುರು ವಕೀಲರ ಮುಖ ಬಾಡಿತು. ನನಗೆ ಅರ್ಥವಾಗಲು ಒಂದು ಗಳಿಗೆ ಬೇಕಾಯಿತು. ಒಂದೇ ಸಂಸಾರದಲ್ಲಿ ಅಣ್ಣ ತಮ್ಮನಿಗೆ ಮುಯ್ಯಿ ಮಾಡುವುದಿಲ್ಲ. ಮನೆ ಬೇರೆ, ಬೆಳೆ ಬೇರೆ ಆದವರು ಮಾತ್ರ ಮಾಡುತ್ತಾರೆ. ಇರುವುದಿಲ್ಲ ಎಂದರೆ ಅವನ ತೋಟ ಹೋಯಿತು, ಇರುತ್ತದೆ ಎಂದರೆ ತಿಮ್ಮಕ್ಕ ಕೊಟ್ಟಿಗೆಯ ಮಗ್ಗುಲಿಗೆ. ಬೋರೇಗೌಡನಿಗೂ ಅದು ತಿಳಿಯಿತು. ಹ್ಞೂ ಎನ್ನಲು ಅವನಿಗೇನು ಕಷ್ಟ? ಕೋರ್ಟಿನಲ್ಲಿ ಎಲ್ಲರೂ ದಿನವೂ ಅನ್ನುತ್ತಾರೆ. ಅವನು ಕಟಕಟೆಯ ಮರವನ್ನು ಹಿಡಿದುಕೊಂಡ. ಅಷ್ಟು ದೊಡ್ಡ ಆಳು ಹೆದರಿದ್ದನ್ನು ನಾನು ಕಂಡೆ, ಕಂಡು ನಾನೂ ಹೆದರಿದೆ.

“ಒಂದೇ ಮನೇಲಿ ಮುಯ್ಯಿ ಎಲ್ಲಿಂದ ಬತ್ತದೆ ಸಾಮಿ” ಎಂದ ಕೊನೆಗೆ. “ಮನೆ ಅವಳ್ದು. ಉಳ ಅವಳ್ದು.”

ಕೇಸು ಮತ್ತೆ ಎದ್ದಿತು. ಎದ್ದ ಮೇಲೆ ಬಹಳ ದೂರ ನಡೆಯಬೇಕಾಗಲಿಲ್ಲ. ಕೆಲವು ತಿಂಗಳಲ್ಲಿ ತಿಮ್ಮಕ್ಕನ ಪರವಾಗಿ ತೀರ್ಪಾಯಿತು. ನನಗೆ ಹೆಸರು ಬಂತು, ಸಾಕ್ಷಿಯ ಬಾಯಿಂದ ನಿಜ ಎಳೆಯುವುದರಲ್ಲಿ ಗಟ್ಟಿಗ ಎಂದು. ಆವತ್ತು ನಾನು ಬಾಯೇ ತೆರೆದಿರಲಿಲ್ಲ ಎಂದು ಯಾರಿಗೂ ನೆನಪಿರಲಿಲ್ಲ.

ಕಟಕಟೆ ಇಳಿದು ಬಂದ ಆ ದಿನ ಬೋರೇಗೌಡ ಜಗಲಿಯಲ್ಲಿ ಮೆಟ್ಟು ಹಾಕಿಕೊಳ್ಳುತ್ತಿದ್ದ. ಹೊಡೆಯುತ್ತಾನೇನೋ ಎಂದುಕೊಂಡೇ ಹತ್ತಿರ ಹೋಗಿ ಕೇಳಿದೆ, ಯಾಕೆ ಹಾಗೆ ಹೇಳಿದಿರಿ ಎಂದು. ಅವನು ಸುತ್ತಮುತ್ತ ನೋಡಿ ದನಿ ತಗ್ಗಿಸಿದ. “ನಮ್ಮನೇಲಿ ಉಳ ಮೂರ್ನೇ ಜ್ವರಕ್ಕೆ ಮಲಗವೆ. ಉಳದ್ ಮಾತಲ್ಲಿ ಸುಳ್ಳಾಡಿದ್ರೆ...” ಎಂದು ನಿಲ್ಲಿಸಿದ. ಪೊರೆ ಕಳಚಲು ಹುಳ ಮೇವು ಬಿಟ್ಟು ಮಲಗುವುದನ್ನು ಅವರು ಜ್ವರ ಎನ್ನುತ್ತಾರೆ, ಅದು ರೋಗವಲ್ಲ. ಆದರೆ ಹುಳಕ್ಕೆ ಸುಣ್ಣದಂತೆ ಬೆಳ್ಳಗೆ ಬಿರುಸಾಗಿ ಸಾಯುವ ಒಂದು ರೋಗವಿದೆ. ಒಂದು ತಟ್ಟೆಗೆ ಹತ್ತಿದರೆ ಊರಿಗೆ ಹತ್ತುತ್ತದೆ. ಅದರ ಹೆಸರನ್ನು ಬೆಳೆ ಇರುವಾಗ ಯಾರೂ ಎತ್ತುವುದಿಲ್ಲ. ಅವನೂ ಎತ್ತಲಿಲ್ಲ. “ನಿಮ್ಗೆ ಮುನ್ಸೀಪ್ರ ಭಯ. ಮನೇಲಿ ಉಳ ಮಡಗಿರೋನ್ಗೆ ಮುನ್ಸೀಪ್ರು ಯಾವ್ ಲೆಕ್ಕ ಸಾಮಿ” ಎಂದು ದೊಣ್ಣೆ ಎತ್ತಿಕೊಂಡು ಹೋದ. ಪ್ರಮಾಣಕ್ಕಾಗಿ ಕೋರ್ಟುಗಳು ಏನೇನನ್ನೋ ಮುಟ್ಟಿಸುತ್ತವೆ. ನನ್ನ ಅನುಭವದಲ್ಲಿ ಮನುಷ್ಯ ನಿಜವಾಗಿ ಹೆದರುವ ವಸ್ತು ಮನೆಯಲ್ಲೇ ಇರುತ್ತದೆ, ಅದನ್ನು ಕಟಕಟೆಗೆ ತರಲು ಬರುವುದಿಲ್ಲ.

ತೀರ್ಪಿನ ದಿನ ತಿಮ್ಮಕ್ಕ ಹುಣಸೇಮರದ ಕೆಳಗೆ ನಿಂತಿದ್ದಳು. ನೀನು ಗೆದ್ದೆ ಎಂದು ಹೇಳಿದೆ, ಅವಳು ಕೈ ಮುಗಿದಳು. ನಗುತ್ತಾಳೆ ಎಂದು ಕಾದೆ. ನಗಲಿಲ್ಲ. ಮುಖದಲ್ಲಿ ಅದೇ ಗಾಬರಿ. “ಇನ್ನು ಯಾಕಮ್ಮ? ಇನ್ನು ನಿನಗೆ ಯಾರ ಭಯ?” ಎಂದೆ, ದೊಡ್ಡ ಧೈರ್ಯಸ್ಥನ ಹಾಗೆ.

ಅವಳು ನನ್ನನ್ನು ಮರುಕದಿಂದ ನೋಡಿದಳು. “ಇಷ್ಟ್ ದಿನ ಒಬ್ನೇ ಸಾಮಿ, ನಮ್ ಬಾವ. ಇವತ್ತಿಂದ ಇರುವೆ ಐತೆ, ಇಲಿ ಐತೆ, ಮಳೆ ಐತೆ, ಬಾವಿ ನೀರೈತೆ. ನಂದು ಅಂತ ಆದ್ಮೇಲಲ್ವಾ ಭಯ ಸುರುವಾಗೋದು” ಎಂದಳು. ತಟ್ಟೆಯಲ್ಲಿ ಎಳೆ ಹುಳ ಬಿಟ್ಟು ಬಂದಿದ್ದಳಂತೆ, ಸೊಪ್ಪು ಹಾಕುವ ಹೊತ್ತಾಯಿತಂತೆ. “ಬತ್ತೀನಿ ಸಾಮಿ” ಎಂದವಳೇ, ಗೆದ್ದ ಹೆಂಗಸು, ತೊಟ್ಟಿಲಲ್ಲಿ ಮಗು ಮಲಗಿಸಿ ಬಂದ ತಾಯಿಯ ಹಾಗೆ ಅರ್ಧ ನಡೆದು ಅರ್ಧ ಓಡಿ ಕಾನಕಾನಹಳ್ಳಿ ರಸ್ತೆ ಹಿಡಿದಳು.